ಹಾಡಿನ ನೆತ್ತಿಯ ಮೇಲಿನ ಸಾಲು

ದಾಸರ ಪದಗಳ ಯಾವುದೇ ಅಚ್ಚಾದ ಸಂಪುಟವನ್ನು ತೆರೆದು ನೋಡಿ. ಪಲ್ಲವಿಗಿಂತ ಮೇಲೆ, ಪದದ ನೆತ್ತಿಯ ಮೇಲೆ, ಸಣ್ಣ ಅಕ್ಷರಗಳಲ್ಲಿ ಒಂದು ಸಾಲು ಕುಳಿತಿರುತ್ತದೆ: ‘ರಾಗ: ಮುಖಾರಿ, ತಾಳ: ಝಂಪೆ’ ಎಂದೋ, ‘ರಾಗ: ಸೌರಾಷ್ಟ್ರ, ತಾಳ: ಅಟ್ಟ’ ಎಂದೋ. ಇಪ್ಪತ್ತು ವರ್ಷಗಳಿಗೆ ಸಮೀಪವಾಗಿ ಕಾಲೇಜಿನಲ್ಲಿ ಕನ್ನಡ ಪಾಠ ಹೇಳುತ್ತ ಬಂದಿರುವ ನಾನು ಈ ಸಾಲನ್ನು ದಾಟಿ ಹೋಗುವುದರಲ್ಲಿ ನಿಪುಣನಾಗಿದ್ದೆ. ಹೊಸ್ತಿಲನ್ನು ತುಳಿಯದೆ ದಾಟುವವನ ಭಕ್ತಿಯಿಂದಲ್ಲ. ಕೆಸರನ್ನು ಮೆಟ್ಟದೆ ದಾಟುವವನ ಎಚ್ಚರದಿಂದ.

ಒಮ್ಮೆ ತರಗತಿಯಲ್ಲಿ ಹಿಂದಿನ ಬೆಂಚಿನ ಹುಡುಗನೊಬ್ಬ ಎದ್ದುನಿಂತು, “ಸರ್, ಮೇಲೆ ರಾಗ, ತಾಳ ಎಂದು ಬರೆದಿದೆಯಲ್ಲ, ಅದೇನು?” ಎಂದು ಕೇಳಿದ. “ಅದು ಹಾಡುವವರಿಗೆ ಸಂಬಂಧಿಸಿದ್ದಪ್ಪ, ಪರೀಕ್ಷೆಗೆ ಬೇಡ” ಎಂದೆ. ಪರೀಕ್ಷೆಗೆ ಬೇಡವೆಂದ ಮೇಲೆ ವಿದ್ಯಾರ್ಥಿಗೆ ಬೇರೆ ಸಮಾಧಾನ ಬೇಕೆ? ಅವನು ತೃಪ್ತನಾಗಿ ಕುಳಿತ. ನನಗೆ ಮಾತ್ರ ಆ ಉತ್ತರ ಅಂದಿನಿಂದ ಗಂಟಲಿನಲ್ಲಿ ಸಿಕ್ಕಿದ ಮುಳ್ಳಾಯಿತು. ಕವಿ ತಾನು ಕಟ್ಟಿದ್ದನ್ನು ಪದವೆಂದು ಕರೆದ, ಹಾಡಿಕೊಂಡು ಬೀದಿ ಬೀದಿ ತಿರುಗಿದ. ನಾನು ಅದರಿಂದ ಹಾಡನ್ನು ಕಳೆದು ಉಳಿದ ಶೇಷಕ್ಕೆ ಸಾಹಿತ್ಯವೆಂದು ಹೆಸರಿಟ್ಟು, ಭಾವಾರ್ಥ ಬರೆಸಿ, ಅಂಕ ಕೊಡುತ್ತಿದ್ದೆ.

ಇಂದು ನಾನು ಹೇಳಬೇಕೆಂದಿರುವುದು ಇಷ್ಟೆ: ಕನ್ನಡ ಕಾವ್ಯವನ್ನು ಕಲಿಸುವವನು ಸಂಗೀತಗಾರನಾಗಬೇಕಾಗಿಲ್ಲ, ಆದರೆ ಸ್ವರಲಿಪಿಯನ್ನು ಓದಲು ಬಾರದೆ, ರಾಗ ತಾಳಗಳ ಪ್ರಾಥಮಿಕ ಲಕ್ಷಣ ತಿಳಿಯದೆ, ಅವನ ವಿದ್ಯೆ ಪೂರ್ಣವಾಗದು. ಈ ಮಾತನ್ನು ನಾನು ಉಪದೇಶಕನ ಪೀಠದಿಂದ ಆಡುತ್ತಿಲ್ಲ. ನಲವತ್ತು ದಾಟಿದ ಮೇಲೆ ಎಂಟು ವರ್ಷದ ಮಕ್ಕಳ ಪಕ್ಕದಲ್ಲಿ ಚಾಪೆಯ ಮೇಲೆ ಕುಳಿತು ಸರಳೆ ವರಸೆ ಒಪ್ಪಿಸಿದವನ ಜಾಗದಿಂದ ಆಡುತ್ತಿದ್ದೇನೆ.

ನನ್ನನ್ನು ಆ ಚಾಪೆಗೆ ಎಳೆದು ತಂದದ್ದು ಒಂದು ನೋಟುಪುಸ್ತಕ. ನನ್ನ ಸೋದರತ್ತೆ ಹಾಡುಗಳ ಭಂಡಾರವಾಗಿದ್ದರು. ಹಸೆಗೆ ಕರೆಯುವ ಹಾಡು, ಆರತಿಯ ಹಾಡು, ತೊಟ್ಟಿಲ ಹಾಡು, ಸುವ್ವಿ, ದಾಸರ ಪದ, ಯಾವುದಕ್ಕೂ ಅವರಲ್ಲಿ ಬರವಿರಲಿಲ್ಲ. ಅವರು ತೀರಿಕೊಂಡ ಮೇಲೆ, ಅವರ ದುಂಡು ಅಕ್ಷರಗಳಲ್ಲಿ ಮೂವತ್ತೆರಡು ಹಾಡುಗಳಿದ್ದ ಆ ಪುಸ್ತಕ ನನ್ನ ಪಾಲಿಗೆ ಬಂತು. ‘ನೀನು ಕನ್ನಡ ಮೇಷ್ಟ್ರು, ನಿನಗೆ ಉಪಯೋಗವಾದೀತು’ ಎಂದು ಮನೆಯವರ ತೀರ್ಮಾನ. ಪುಸ್ತಕವನ್ನು ತೆರೆದೆ. ಸಾಹಿತ್ಯದಲ್ಲಿ ಒಂದು ಕಾಗುಣಿತದ ತಪ್ಪೂ ಇರಲಿಲ್ಲ. ಹಾಡಿನ ಮೇಲೆ ರಾಗದ ಹೆಸರಿನ ಬದಲು ‘ಇಂಥ ಹಾಡಿನ ಧಾಟಿ’ ಎಂದು ಬರೆದಿತ್ತು. ಆ ಇನ್ನೊಂದು ಹಾಡನ್ನು ಹುಡುಕಿದರೆ ಅದರ ಮೇಲೆ ಮತ್ತೊಂದು ಹಾಡಿನ ಹೆಸರು. ಆ ಮೂರನೆಯ ಹಾಡು ಪುಸ್ತಕದಲ್ಲಿ ಇರಲಿಲ್ಲ. ಅದು ಯಾರಿಗೂ ಮರೆಯುವಂತಹದಲ್ಲವೆಂದು ಅತ್ತೆ ಬರೆದಿರಲಿಲ್ಲವೆಂದು ತೋರುತ್ತದೆ. ಈಗ ಅದನ್ನು ಬಲ್ಲವರು ನಮ್ಮ ಮನೆತನದಲ್ಲಿ ಯಾರೂ ಇಲ್ಲ. ಬಾಲ್ಯದಲ್ಲಿ ನೂರು ಸಲ ಕೇಳಿದ ಹಾಡುಗಳ ಮುಂದೆ, ಮಾತೆಲ್ಲ ಕೈಯಲ್ಲಿದ್ದೂ ಮೂಗನಾಗಿ ಕುಳಿತೆ.

ಅತ್ತೆಗೆ ಸ್ವರಲಿಪಿ ತಿಳಿದಿರಲಿಲ್ಲ, ಅದು ಅವರ ತಪ್ಪಲ್ಲ. ಆದರೆ ಅವರು ಇದ್ದ ಅಷ್ಟು ವರ್ಷವೂ ಕನ್ನಡ ಎಂ.ಎ. ಮಾಡಿದ ಸೋದರಳಿಯನೊಬ್ಬ ಅದೇ ಜಗಲಿಯ ಮೇಲೆ ಕುಳಿತು ಕಾಫಿ ಕುಡಿಯುತ್ತಿದ್ದನಲ್ಲ, ಅವನಿಗೆ ತಿಳಿದಿರಬೇಕಾಗಿತ್ತು.

ನಮ್ಮ ಬೀದಿಯ ಕೊನೆಯಲ್ಲಿ ಮಕ್ಕಳಿಗೆ ಸಂಗೀತ ಹೇಳಿಕೊಡುವಾಕೆ ಒಂದು ಕಾಲಕ್ಕೆ ನನ್ನ ವಿದ್ಯಾರ್ಥಿನಿ. ನನ್ನನ್ನು ಶಿಷ್ಯನಾಗಿ ಸ್ವೀಕರಿಸಲು ಆಕೆ ಬಹಳ ಸಂಕೋಚಪಟ್ಟರು. ಮೊದಲ ತಿಂಗಳು ನಾನು ತಾಳ ತಪ್ಪಿದಾಗಲೆಲ್ಲ, “ಸರ್, ಕ್ಷಮಿಸಿ, ಕೈ ಸ್ವಲ್ಪ ಮುಂದೆ ಹೋಯಿತು” ಎಂದು ತಪ್ಪು ತಮ್ಮದೇ ಎಂಬಂತೆ ಹೇಳುತ್ತಿದ್ದರು. ಪಕ್ಕದಲ್ಲಿದ್ದ ಪುಟ್ಟ ಹುಡುಗಿಗೆ ಅಂತಹ ದಾಕ್ಷಿಣ್ಯವೇನೂ ಇರಲಿಲ್ಲ. ಬಾಯಿ ಮುಚ್ಚಿಕೊಂಡು ನಗುತ್ತಿದ್ದಳು. ನನಗೆ ಕೋಪ ಬರಲಿಲ್ಲ. ಪ್ರಸ್ತಾರ ಹಾಕಲು ಬಾರದ ಎಷ್ಟು ಮಕ್ಕಳನ್ನು ನಾನು ಕರಿಹಲಗೆಯ ಮುಂದೆ ನಿಲ್ಲಿಸಿಲ್ಲ!

ಈಗ ಕಲಿತದ್ದನ್ನು ಕೊಂಚ ಹೇಳುತ್ತೇನೆ. ಓದುಗರಲ್ಲಿ ಯಾರಾದರೂ ಸ್ವರಲಿಪಿಯೆಂದರೆ ಬ್ರಹ್ಮವಿದ್ಯೆಯೆಂದು ಹೆದರಿದ್ದರೆ ಆ ಹೆದರಿಕೆ ಹೋಗಲಿ. ಕರ್ಣಾಟಕ ಸಂಗೀತದ ಸ್ವರಲಿಪಿಗೆ ಬೇಕಾದ ಅಕ್ಷರಗಳು ಏಳೇ ಏಳು: ಸ, ರಿ, ಗ, ಮ, ಪ, ದ, ನಿ. ಹ್ರಸ್ವವಾಗಿ ಬರೆದರೆ ಒಂದು ಅಕ್ಷರಕಾಲ, ದೀರ್ಘವಾಗಿ ‘ಸಾ, ರೀ, ಗಾ’ ಎಂದು ಬರೆದರೆ ಎರಡು. ಇನ್ನೂ ಎಳೆಯಬೇಕಾದರೆ ಮುಂದೆ ಒಂದು ಅಲ್ಪವಿರಾಮ; ಅದರ ಬೆಲೆ ಒಂದು. ಅರ್ಧವಿರಾಮದ ಬೆಲೆ ಎರಡು. ಅಕ್ಷರಗಳ ಮೇಲೆ ಅಡ್ಡಗೆರೆ ಎಳೆದರೆ ವೇಗ ಇಮ್ಮಡಿ. ಸ್ವರದ ಮೇಲೆ ಚುಕ್ಕೆಯಿಟ್ಟರೆ ತಾರಸ್ಥಾಯಿ, ಕೆಳಗಿಟ್ಟರೆ ಮಂದ್ರ. ತಾಳದ ಅಂಗ ಮುಗಿದಲ್ಲಿ ಒಂದು ನಿಲುಗೆರೆ, ಆವರ್ತ ಮುಗಿದಲ್ಲಿ ಎರಡು. ಹ್ರಸ್ವಕ್ಕೆ ಒಂದು, ದೀರ್ಘಕ್ಕೆ ಎರಡು ಎಂಬ ಲೆಕ್ಕವನ್ನು ಕನ್ನಡದವರಿಗೆ ಹೊಸದಾಗಿ ಹೇಳಿಕೊಡಬೇಕೆ? ಹತ್ತನೆಯ ಶತಮಾನದ ಕೊನೆಯಲ್ಲಿ ನಾಗವರ್ಮ ‘ಛಂದೋಂಬುಧಿ’ಯನ್ನು ಬರೆದಂದಿನಿಂದ ನಾವು ಮಾಡುತ್ತಿರುವುದು ಅದೇ ಲೆಕ್ಕವಲ್ಲವೆ?

ಆದರೆ ಒಂದು ತೊಡಕುಂಟು. ‘ರಿ’ ಎಂದು ಬರೆದರೆ ಯಾವ ರಿ? ಷಡ್ಜ, ಪಂಚಮಗಳು ಅಚಲ, ಮಧ್ಯಮ ಎರಡು, ರಿ, ಗ, ದ, ನಿಗಳು ಮೂರು ಮೂರು. ಒಟ್ಟು ಹೆಸರುಗಳು ಹದಿನಾರು, ಅವು ಕುಳಿತಿರುವ ಸ್ಥಾನಗಳು ಹನ್ನೆರಡೇ. ಚತುಃಶ್ರುತಿ ರಿಷಭವೂ ಶುದ್ಧ ಗಾಂಧಾರವೂ ಒಂದೇ ಸ್ಥಾನ. ಮನೆಯಲ್ಲಿ ಅಪ್ಪನಾದವನು ಶಾಲೆಯಲ್ಲಿ ಮೇಷ್ಟ್ರಾದಂತೆ. ಬರೆದ ‘ರಿ’ ಯಾವುದೆಂದು ಲಿಪಿ ಸಾಮಾನ್ಯವಾಗಿ ಹೇಳುವುದಿಲ್ಲ. ಅದನ್ನು ಹೇಳುವುದು ಮೇಲಿನ ರಾಗದ ಹೆಸರು. ಎಂದರೆ, ನಾನು ಇಪ್ಪತ್ತು ವರ್ಷ ದಾಟಿಹೋದ ಸಾಲೇ ಬೀಗದ ಕೀಲಿಕೈ!

ಈ ಕೀಲಿಕೈ ಕೆಲಸ ಮಾಡುವ ಸೊಗಸು ಭಾಷೆಯ ಅಧ್ಯಾಪಕನನ್ನು ಮರುಳುಮಾಡುವಂತಹದು. ಹದಿನೇಳನೆಯ ಶತಮಾನದಲ್ಲಿ ತಂಜಾವೂರಿನ ವೆಂಕಟಮಖಿ ‘ಚತುರ್ದಂಡಿಪ್ರಕಾಶಿಕೆ’ಯಲ್ಲಿ ೭೨ ಮೇಳಗಳ ಲೆಕ್ಕ ಹಾಕಿದ. ರಿ-ಗಗಳು ಜೋಡಿಯಾಗುವ ಬಗೆ ಆರು, ದ-ನಿಗಳು ಜೋಡಿಯಾಗುವ ಬಗೆ ಆರು, ಮಧ್ಯಮ ಎರಡು. ಆರಾರು ಮೂವತ್ತಾರು, ಅದರ ಇಮ್ಮಡಿ ಎಪ್ಪತ್ತೆರಡು. ಇಂದು ಬಳಕೆಯಲ್ಲಿರುವ ಮೇಳಗಳ ಹೆಸರುಗಳಲ್ಲಿ ಅವುಗಳ ಸಂಖ್ಯೆ ‘ಕಟಪಯಾದಿ’ ಕ್ರಮದಿಂದ ಅಡಗಿದೆ. ‘ಮಾಯಾಮಾಳವಗೌಳ’ದಲ್ಲಿ ಮೊದಲ ಎರಡು ವ್ಯಂಜನಗಳನ್ನು ನೋಡಿ: ಮಕಾರಕ್ಕೆ ೫, ಯಕಾರಕ್ಕೆ ೧, ತಿರುವಿ ಓದಿದರೆ ೧೫. ಮೊದಲ ಮೂವತ್ತಾರರೊಳಗೆ ಇರುವುದರಿಂದ ಶುದ್ಧ ಮಧ್ಯಮ. ಆರಾರರಂತೆ ಎಣಿಸಿದರೆ ಮೂರನೆಯ ಗುಂಪು. ಆದ್ದರಿಂದ ರಿ-ಗಗಳ ಮೂರನೆಯ ಜೋಡಿ, ಶುದ್ಧ ರಿಷಭ, ಅಂತರ ಗಾಂಧಾರ. ಗುಂಪಿನಲ್ಲಿ ಅದು ಮೂರನೆಯದು. ಆದ್ದರಿಂದ ದ-ನಿಗಳಲ್ಲಿಯೂ ಮೂರನೆಯ ಜೋಡಿ, ಶುದ್ಧ ಧೈವತ, ಕಾಕಲಿ ನಿಷಾದ. ಪೂರ್ವಾರ್ಧ ಉತ್ತರಾರ್ಧಗಳ ಅಳತೆ ಒಂದೇ. ಮಕ್ಕಳು ಮೊದಲ ಪಾಠ ಹೇಳುವುದು ಈ ರಾಗದಲ್ಲಿ. ಹಾಗೆ ಮಾಡಿದವರು ಪುರಂದರದಾಸರೆಂದು ಸಂಪ್ರದಾಯ ಹೇಳುತ್ತದೆ. ಹೆಸರನ್ನು ಬಿಡಿಸಿದರೆ ಸ್ವರಗಳು ತಾವಾಗಿ ಉದುರುತ್ತವೆ. ಸಮಾಸ ಬಿಡಿಸುವುದರಲ್ಲಿ ಸುಖ ಕಂಡವರಿಗೆ ಇದರಲ್ಲಿ ಸುಖ ಸಿಗದೆ ಇರುವುದೆ?

ಇದಕ್ಕಿಂತ ದೊಡ್ಡ ಬೆರಗು ನನಗೆ ತಾಳದಲ್ಲಿ ಕಾದಿತ್ತು. ಒಂದು ಸಂಜೆ ಆಕೆ ತಿಶ್ರಜಾತಿ ತ್ರಿಪುಟ ತಾಳ ಹೇಳಿಕೊಟ್ಟರು. ಒಂದು ಲಘು, ಎರಡು ದ್ರುತ, ಮೂರು, ಎರಡು, ಎರಡು, ಒಟ್ಟು ಏಳು. ಕೈ ಹಾಕುತ್ತ ಹಾಕುತ್ತ ನನ್ನ ಬಾಯಿ ತಾನಾಗಿ ಕುಮಾರವ್ಯಾಸನ ಪದ್ಯವೊಂದನ್ನು ಗುನುಗತೊಡಗಿತು. ಭಾಮಿನಿಯ ಗಣಗಳು ಮೂರು, ನಾಲ್ಕು, ಮೂರು, ನಾಲ್ಕು. ಸಾಲಿಗೆ ಹದಿನಾಲ್ಕು ಮಾತ್ರೆ. ಸರಿಯಾಗಿ ಎರಡು ಆವರ್ತ. ಮೂರನೆಯ ಮತ್ತು ಆರನೆಯ ಸಾಲುಗಳಲ್ಲಿ ಮೂರು-ನಾಲ್ಕರ ಮೂರು ಜೋಡಿ, ಕೊನೆಗೆ ಒಂದು ಗುರು, ಇಪ್ಪತ್ತಮೂರು ಮಾತ್ರೆ. ಆ ಕೊನೆಯ ಗುರುವನ್ನು ನಾನು ತರಗತಿಯಲ್ಲಿ ‘ಹೆಚ್ಚುವರಿ’ ಎಂದು ಹೇಳುತ್ತಿದ್ದೆ. ಕೈಯಲ್ಲಿ ತಾಳವಿದ್ದಾಗ ತಿಳಿಯಿತು: ಅದು ಹೆಚ್ಚುವರಿಯಲ್ಲ, ನಾಲ್ಕನೆಯ ಆವರ್ತದ ಮೊದಲ ಹೆಜ್ಜೆ. ಏಳರಲ್ಲಿ ಎರಡು ಮಾತ್ರೆ ಮಾತಿಗೆ. ಉಳಿದ ಐದು ಮೌನಕ್ಕೆ, ಉಸಿರಿಗೆ, ಕೇಳುವವನ ಮನಸ್ಸಿಗೆ. ಕವಿ ಬರೆದದ್ದನ್ನು ಮಾತ್ರ ಎಣಿಸುತ್ತಿದ್ದವನಿಗೆ ಅವನು ಬರೆಯದೆ ಬಿಟ್ಟದ್ದೂ ಅಳತೆಯೊಳಗೇ ಇದೆಯೆಂದು ಅಂದು ಹೊಳೆಯಿತು.

ಇದನ್ನು ಸಂಭ್ರಮದಿಂದ ಆಕೆಗೆ ವಿವರಿಸಿದೆ. ಕೈ ಹಾಕುತ್ತ ಎರಡು ಪದ್ಯ ಓದಿ ತೋರಿಸಿದೆ. ಆಕೆ ಕೇಳಿ, ಕೊಂಚ ಹೊತ್ತು ಸುಮ್ಮನಿದ್ದು, “ಸರ್, ಇದನ್ನು ಅಂದು ಕಾಲೇಜಿನಲ್ಲಿ ಹೀಗೆ ಹೇಳಿದ್ದರೆ ಛಂದಸ್ಸಿನಲ್ಲಿ ನನ್ನ ಅಂಕ ಹೋಗುತ್ತಿರಲಿಲ್ಲ” ಎಂದರು. ತಾಳ ನರನಾಡಿಗಳಲ್ಲಿ ಓಡುತ್ತಿದ್ದ ಹುಡುಗಿಯೊಬ್ಬಳಿಗೆ ನಾನು ಛಂದಸ್ಸು ಬಾರದೆಂದು ಅಂಕ ಕಳೆದಿದ್ದೆ! ನನ್ನ ಅಧ್ಯಾಪನದ ಮೇಲೆ ಇದಕ್ಕಿಂತ ಕಠಿನವಾದ ವಿಮರ್ಶೆಯನ್ನು ನಾನು ಕೇಳಿಲ್ಲ.

ಸಂಗೀತಕ್ಕೂ ಛಂದಸ್ಸಿಗೂ ಪದಸಂಪತ್ತು ಒಂದೇ. ಅರ್ಥ ಮಾತ್ರ ಬೇರೆ. ಛಂದಸ್ಸಿನ ಲಘು ಒಂದು ಮಾತ್ರೆ. ಆದಿತಾಳದ ಲಘು ನಾಲ್ಕು ಎಣಿಕೆ. ‘ಗಮಕ’ ನಮಗೆ ಕಾವ್ಯವಾಚನ. ಸಂಗೀತಗಾರರಿಗೆ ಸ್ವರದ ತೂಗು, ಜಾರು, ಕಂಪನ. ಈ ಎರಡು ಮನೆಗಳ ನಡುವಣ ಗೋಡೆಯನ್ನು ಎಬ್ಬಿಸಿದವರು ಕವಿಗಳಲ್ಲ, ನಾವು. ಸುಳಾದಿಯನ್ನೇ ತೆಗೆದುಕೊಳ್ಳಿ. ಸಾಹಿತ್ಯಚರಿತ್ರೆಯ ಪಾಠದಲ್ಲಿ ಅದನ್ನು ಒಂದು ‘ಪ್ರಕಾರ’ವೆಂದು ಹೇಳುತ್ತೇವೆ, ವಿಜಯದಾಸರು ಅದರಲ್ಲಿ ಪ್ರಸಿದ್ಧರೆಂದು ಬರೆಸುತ್ತೇವೆ. ಆದರೆ ಸುಳಾದಿಯನ್ನು ಸುಳಾದಿಯಾಗಿಸುವುದು ಅದರ ಖಂಡಗಳು ಬೇರೆ ಬೇರೆ ತಾಳಗಳಲ್ಲಿ ನಡೆಯುವುದು. ಧ್ರುವ, ಮಠ್ಯ, ರೂಪಕ, ಝಂಪೆ, ತ್ರಿಪುಟ, ಅಟ್ಟ, ಏಕ ಎಂಬ ಏಳು ತಾಳಗಳಿಗೆ ಸುಳಾದಿ ತಾಳಗಳೆಂದೇ ಹೆಸರು. ತಾಳವನ್ನು ಬಿಟ್ಟು ಸುಳಾದಿಯ ಪಾಠ ಹೇಳುವುದು ಅಂಕಗಳನ್ನು ತಿಳಿಸದೆ ನಾಟಕದ ಪಾಠ ಹೇಳಿದಂತೆ. ಯಕ್ಷಗಾನ ಪ್ರಸಂಗಗಳ ಪದ್ಯಗಳ ಮೇಲೂ ರಾಗ ತಾಳಗಳ ಹೆಸರಿವೆ. ಅವನ್ನೂ ನಾವು ಹೀಗೆಯೇ ದಾಟುತ್ತೇವೆ.

ಈ ವಾದಕ್ಕೆ ಹಿರಿಯರು ಹೇಳುವ ಆಕ್ಷೇಪ ನನಗೆ ಗೊತ್ತು. ‘ಸಂಗೀತ ಗುರುಮುಖದಿಂದ ಬರತಕ್ಕದ್ದು, ಕಾಗದದಲ್ಲಿ ಅದು ಎಲ್ಲಿದೆ?’ ಎನ್ನುತ್ತಾರೆ. ಮಾತು ನಿಜ. ತೋಡಿಯ ಗಾಂಧಾರವನ್ನು ‘ಗ’ ಎಂದು ಬರೆದಿಟ್ಟರೆ ಅದರ ತೂಗಾಟ ಕಾಗದದ ಮೇಲೆ ಬರುವುದಿಲ್ಲ. ಆದರೆ ಅಕ್ಷರಲಿಪಿ ಮಾತ್ರ ಮಾತನ್ನು ಪೂರ್ತಿಯಾಗಿ ಹಿಡಿಯುತ್ತದೆಯೆ? ‘ಬಾ’ ಎಂಬ ಒಂದಕ್ಷರವನ್ನು ತಾಯಿ ಕರೆದಂತೆ ಜಗಳಗಂಟ ಕರೆಯುವುದಿಲ್ಲ. ಬರೆದಾಗ ಎರಡೂ ಒಂದೇ. ಅದಕ್ಕಾಗಿ ಓದು ಬರಹ ಬೇಡವೆಂದು ಯಾರೂ ಹೇಳಲಿಲ್ಲ. ಸ್ವರಲಿಪಿ ಹಾಡಲ್ಲ, ಹಾಡಿನ ಎಲುಬು. ಎಲುಬಿದ್ದರೆ ಮಾಂಸ ತುಂಬುವ ಗುರು ಒಬ್ಬ ಸಿಕ್ಕಾನು. ಎಲುಬೇ ಇಲ್ಲದ ಮೇಲೆ ಯಾವ ಗುರು ಏನು ಮಾಡಿಯಾನು?

ಇದಕ್ಕೆ ಚರಿತ್ರೆಯ ಸಾಕ್ಷ್ಯವೂ ಉಂಟು. ಮುತ್ತುಸ್ವಾಮಿ ದೀಕ್ಷಿತರು ೧೮೩೫ರಲ್ಲಿ ತೀರಿಕೊಂಡರು. ಅವರ ವಂಶದ ಸುಬ್ಬರಾಮ ದೀಕ್ಷಿತರು, ಚಿನ್ನಸ್ವಾಮಿ ಮೊದಲಿಯಾರರ ಒತ್ತಾಸೆಯಿಂದ, ಮನೆತನದ ಕೃತಿಗಳನ್ನು ಗಮಕಗಳ ಚಿಹ್ನೆಗಳೊಡನೆ ಸ್ವರಲಿಪಿಗೆ ಇಳಿಸಿ ೧೯೦೪ರಲ್ಲಿ ‘ಸಂಗೀತ ಸಂಪ್ರದಾಯ ಪ್ರದರ್ಶಿನಿ’ಯನ್ನು ಪ್ರಕಟಿಸಿದರು. ಇಂದಿಗೂ ಒಂದು ಕೃತಿಯ ಪಾಠದ ಬಗೆಗೆ ವಿವಾದ ಬಂದರೆ ತೆರೆದು ನೋಡಲು ಆ ಗ್ರಂಥವಿದೆ. ಉತ್ತರಾದಿ ಸಂಗೀತಕ್ಕೆ ಭಾತಖಂಡೆಯವರು (೧೮೬೦–೧೯೩೬) ಅಂತಹದೇ ಉಪಕಾರ ಮಾಡಿದರು. ಕೋಮಲ ಸ್ವರಕ್ಕೆ ಕೆಳಗೊಂದು ಅಡ್ಡಗೆರೆ, ತೀವ್ರ ಮಧ್ಯಮಕ್ಕೆ ಮೇಲೊಂದು ನಿಲುಗೆರೆ ಎಳೆಯುವ ಅವರ ಕ್ರಮ ಧಾರವಾಡದ ಕಡೆಯ ವಿದ್ಯಾರ್ಥಿಗಳಿಗೆ ಪರಿಚಿತವೇ. ನಮ್ಮ ದಾಸರ ಸಾವಿರಾರು ಪದಗಳಿಗೆ ಅಷ್ಟು ದೊಡ್ಡ ಅದೃಷ್ಟ ಒದಗಲಿಲ್ಲ. ಮಾತು ಓಲೆಯಿಂದ ಓಲೆಗೆ ಬಂತು, ಮೇಲೆ ರಾಗದ ಹೆಸರೂ ಬಂತು; ವರ್ಣಮೆಟ್ಟು ದಾರಿಯಲ್ಲಿ ಉದುರಿಹೋಯಿತು. ಇಂದು ಒಂದೇ ಪದವನ್ನು ನಾಲ್ವರು ನಾಲ್ಕು ರಾಗಗಳಲ್ಲಿ ಹಾಡುತ್ತಾರೆ. ಹಾಡಲಿ, ಅದರಲ್ಲಿಯೂ ಸೊಗಸಿದೆ. ಆದರೆ ಹಳೆಯದು ಹೇಗಿತ್ತೆಂದು ಕೇಳಿದರೆ ಉತ್ತರವಿಲ್ಲ.

ಇದರಲ್ಲಿ ಒಂದು ಅಪವಾದವಿರುವುದನ್ನು ಗಮನಿಸಬೇಕು. ಮಲಹರಿ ರಾಗದ ಪಿಳ್ಳಾರಿ ಗೀತೆಗಳು ಪುರಂದರದಾಸರವೇ ಎಂದು ಪ್ರಸಿದ್ಧಿ. ದಕ್ಷಿಣದೇಶದ ಯಾವ ಮೂಲೆಗೆ ಹೋದರೂ, ಕನ್ನಡ ಬಾರದ ಮಕ್ಕಳು ಕೂಡ, ಅವನ್ನು ಹೆಚ್ಚುಕಡಮೆ ಒಂದೇ ರೀತಿಯಲ್ಲಿ ಹಾಡುತ್ತಾರೆ. ಏಕೆ? ಅವು ಪಾಠವಾದುದರಿಂದ, ಮೊದಲು ಸ್ವರ ಹೇಳಿ, ಆಮೇಲೆ ಅದೇ ಸ್ವರಕ್ಕೆ ಸಾಹಿತ್ಯ ಹೇಳುವ ಕಟ್ಟುನಿಟ್ಟಿನಿಂದ. ಎಲ್ಲಿ ಸ್ವರವನ್ನೂ ಅಕ್ಷರವನ್ನೂ ಜೊತೆಯಾಗಿ ಕಲಿಸಿದರೋ ಅಲ್ಲಿ ಹಾಡು ಉಳಿಯಿತು.

‘ಎಲ್ಲರ ಕೈಯಲ್ಲಿಯೂ ಮೊಬೈಲ್ ಫೋನ್ ಇರುವ ಕಾಲದಲ್ಲಿ ಬರೆಯುವ ಶ್ರಮವೇಕೆ? ಧ್ವನಿಮುದ್ರಿಸಿಕೊಂಡರೆ ಸಾಲದೆ?’ ಎಂಬುದು ಕಿರಿಯರ ಪ್ರಶ್ನೆ. ಮುದ್ರಿಸಿಕೊಳ್ಳಬೇಕು, ಅವಶ್ಯವಾಗಿ ಮುದ್ರಿಸಿಕೊಳ್ಳಬೇಕು. ನಾನು ಅಷ್ಟನ್ನೂ ಮಾಡಲಿಲ್ಲವೆಂಬ ಕೊರಗು ನನಗಿದೆ. ಆದರೆ ಧ್ವನಿಮುದ್ರಣ ಕೇಳಿಸುತ್ತದೆ; ಓದು ತಿಳಿಸುತ್ತದೆ. ಎರಡು ಊರುಗಳ ಎರಡು ಧಾಟಿಗಳಲ್ಲಿ ಎಲ್ಲಿ ವ್ಯತ್ಯಾಸ, ಯಾವ ಅಕ್ಷರದ ಮೇಲೆ ತಾಳದ ಪೆಟ್ಟು, ಎಲ್ಲಿ ಪ್ರಾಸ ಬೀಳುತ್ತದೆ, ಎಲ್ಲಿ ಸ್ವರ ಏರುತ್ತದೆ ಎಂಬುದನ್ನು ಎದುರೆದುರು ಇಟ್ಟು ನೋಡಬೇಕಾದರೆ ಬರೆದಿರಬೇಕು. ಕಾವ್ಯದ ಪಾಠಾಂತರಗಳಿಗೆ ಅಷ್ಟು ಶ್ರಮಪಡುವ ನಾವು ಹಾಡಿನ ಪಾಠಾಂತರಗಳನ್ನು ಏಕೆ ಗಾಳಿಗೆ ಬಿಡಬೇಕು?

ನನ್ನ ಬೇಡಿಕೆ ದೊಡ್ಡದಲ್ಲ. ಕನ್ನಡ ಬಿ.ಎ., ಎಂ.ಎ. ತರಗತಿಗಳ ಛಂದಸ್ಸಿನ ಪಾಠಕ್ಕೆ ಹತ್ತು ಗಂಟೆ ಸೇರಿಸಿ, ಸಪ್ತತಾಳಗಳನ್ನು ಕೈಯಲ್ಲಿ ಹಾಕಿಸಿ, ಸ್ವರಲಿಪಿಯನ್ನು ಓದಿಸಲಿ. ಕೀರ್ತನೆಗಳನ್ನು ಸಂಪಾದಿಸುವವರು, ಧಾಟಿ ಇನ್ನೂ ಜೀವಂತವಾಗಿರುವಲ್ಲಿ, ಯಾವ ಊರಿನವರ ಬಾಯಿಂದ ಕೇಳಿದ್ದೆಂದು ತಿಳಿಸಿ ಅದರ ಸ್ವರಲಿಪಿಯನ್ನೂ ಅಚ್ಚುಹಾಕಲಿ. ಅಧ್ಯಾಪಕರು ನಾಚಿಕೆ ಬಿಟ್ಟು ಒಂದು ವರ್ಷ ಚಾಪೆಯ ಮೇಲೆ ಕುಳಿತುಕೊಳ್ಳಲಿ. ಕಂಠ ಕೂಡಿಬರಬೇಕೆಂಬ ನಿಯಮವೇನೂ ಇಲ್ಲ. ನನಗೆ ಇನ್ನೂ ಕೂಡಿಬಂದಿಲ್ಲ. ಕಿವಿ ತೆರೆದರೆ ಸಾಕು.

ಕಳೆದ ಬೇಸಿಗೆಯ ರಜೆಯಲ್ಲಿ ಅತ್ತೆಯ ಪುಸ್ತಕವನ್ನು ತೆಗೆದುಕೊಂಡು ಅವರ ಹಿರಿಯ ಮಗಳ ಮನೆಗೆ ಹೋದೆ. ಅಕ್ಕನಿಗೆ ಎಪ್ಪತ್ತು ದಾಟಿದೆ. ಒಂದು ಆರತಿಯ ಹಾಡನ್ನು ಅವರು ನೆನಪಿಸಿಕೊಂಡು, ನಿಲ್ಲಿಸಿ ನಿಲ್ಲಿಸಿ, ಹಾಡಿದರು. ನಾನು ಫೋನಿನಲ್ಲಿ ಮುದ್ರಿಸಿಕೊಂಡು, ಮೂರು ದಿನ ಕೂತು, ಏಳು ಅಕ್ಷರಗಳಲ್ಲಿ ಬರೆದೆ. ತಪ್ಪುಗಳನ್ನು ನನ್ನ ಗುರುಗಳು ತಿದ್ದಿಕೊಟ್ಟರು. ಎರಡನೆಯ ಚರಣದಲ್ಲಿ ಅತ್ತೆ ಎಲ್ಲಿಯೋ ಒಂದು ಕಡೆ ಸ್ವರವನ್ನು ಮೇಲಕ್ಕೆತ್ತುತ್ತಿದ್ದರು. ಎಲ್ಲಿಯೆಂದು ಅಕ್ಕನಿಗೂ ನೆನಪಿಲ್ಲ, ನನಗೂ ಇಲ್ಲ. ಅಷ್ಟು ಜಾಗವನ್ನು, ತಾಳದ ಗೆರೆಗಳನ್ನು ಮಾತ್ರ ಎಳೆದು, ಖಾಲಿ ಬಿಟ್ಟಿದ್ದೇನೆ. ಮೂವತ್ತೆರಡರಲ್ಲಿ ಒಂದು ಹಾಡು, ಅದರಲ್ಲಿಯೂ ಒಂದು ಆವರ್ತ ಖಾಲಿ. ಈ ವರ್ಷ ದಾಸರ ಪದದ ಪಾಠ ಬಂದಾಗ ಆ ಹಾಳೆಯನ್ನು ತರಗತಿಗೆ ಒಯ್ಯುತ್ತೇನೆ. ಪಲ್ಲವಿಗೆ ಹೋಗುವ ಮುನ್ನ ಮೇಲಿನ ಸಾಲಿನ ಮುಂದೆ ನಿಲ್ಲುತ್ತೇನೆ.